ಲಿಯೊಂಟೀನ್ ಪ್ರೈಸ್ ಮತ್ತು ಆಯಿದಾಳ ಪಾತ್ರ

ಕಲಾವಿದರ ಬಾಳನ್ನು ಅವರು ಒಪ್ಪಿಕೊಂಡ ಪಾತ್ರಗಳಿಂದ ಅಳೆಯುವುದು ವಾಡಿಕೆ. ಇಂದು ನಾನು ಹೇಳಹೊರಟಿರುವ ಗಾಯಕಿಯ ವಿಷಯದಲ್ಲಾದರೋ, ಆಕೆ ಒಮ್ಮೆ ಬೇಡವೆಂದು ಹಿಂದಿರುಗಿಸಿದ ಪಾತ್ರವೊಂದರಿಂದ ಆರಂಭಿಸುವುದೇ ಲೇಸೆಂದು ತೋರುತ್ತದೆ. ಗಾಯಕಿ ಅಮೆರಿಕದ ಲಿಯೊಂಟೀನ್ ಪ್ರೈಸ್. ಪಾತ್ರ, ಇಟಲಿಯ ಸಂಗೀತಕರ್ತೃ ವೆರ್ದಿ ಸೃಷ್ಟಿಸಿದ ಆಯಿದಾ. ಕರೆ ಬಂದದ್ದು ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಆಪೆರಾ ಸಂಸ್ಥೆಯ ಮುಖ್ಯಸ್ಥ ರುಡಾಲ್ಫ್ ಬಿಂಗ್ ಅವರಿಂದ. ಅಂಥ ಕರೆಗೆ ಇಲ್ಲವೆನ್ನುವ ಗಾಯಕರು ಅಪರೂಪ. ಪ್ರೈಸ್ ಇಲ್ಲವೆಂದರು. ಏಕೆಂಬುದನ್ನು ತಿಳಿಯಲು ನಾವು ಸ್ವಲ್ಪ ಹಿಂದಕ್ಕೆ ಹೋಗಬೇಕು.

ಆಪೆರಾವನ್ನು ಗೀತನಾಟಕವೆಂದು ನಾವು ಕನ್ನಡಿಸುವುದುಂಟು. ಹೆಸರು ಸರಿಯೇ, ಆದರೆ ಸಾಲದು. ನಮ್ಮ ಕಂಪನಿ ನಾಟಕಗಳಲ್ಲಿ ಮಾತಿನ ನಡುವೆ ಹಾಡು ಬರುತ್ತಿತ್ತು. ವೆರ್ದಿಯ ಆಪೆರಾದಲ್ಲಿ ಮಾತೆಲ್ಲವೂ ಹಾಡೇ. ಸಿಟ್ಟು, ಬಿನ್ನಹ, ಒಳಸಂಚಿನ ಪಿಸುನುಡಿ, ಸಾಯುವವನ ಕೊನೆಯ ಉಸಿರು, ಎಲ್ಲಕ್ಕೂ ಸ್ವರವುಂಟು. ರಂಗದ ಮುಂದಿನ ತಗ್ಗಿನಲ್ಲಿ ಹತ್ತಾರು ವಾದ್ಯಗಳ ದೊಡ್ಡ ಮೇಳ ಕುಳಿತಿರುತ್ತದೆ. ಧ್ವನಿವರ್ಧಕದ ನೆರವಿಲ್ಲದೆ ಗಾಯಕರ ಕಂಠ ಆ ಮೇಳವನ್ನು ದಾಟಿ ಮೇಲಂತಸ್ತಿನ ಕಟ್ಟಕಡೆಯ ಆಸನವನ್ನು ಮುಟ್ಟಬೇಕು. ಮೆಟ್ರೊಪಾಲಿಟನ್‌ನ ಈಗಿನ ರಂಗಮಂದಿರದಲ್ಲಿ ಅಂಥ ಆಸನಗಳು ಸುಮಾರು 3,800. ಸ್ತ್ರೀಕಂಠಗಳಲ್ಲಿ ಅತ್ಯಂತ ಎತ್ತರದ್ದಕ್ಕೆ ಸೊಪ್ರಾನೊ ಎಂದು ಹೆಸರು. ಅದರಲ್ಲಿಯೂ ಜಾತಿಗಳುಂಟು: ಹಕ್ಕಿಯಂತೆ ಹಗುರಾಗಿ ಹಾರುವುದೊಂದು, ಮಾಧುರ್ಯಪ್ರಧಾನವಾದುದೊಂದು, ಕಹಳೆಯಂತೆ ಮೊಳಗುವುದೊಂದು. ಮಾಧುರ್ಯವನ್ನು ಕಳೆದುಕೊಳ್ಳದೆಯೇ, ಬೇಕಾದ ಗಳಿಗೆಯಲ್ಲಿ ಬಲವಾಗಿ ಮುನ್ನುಗ್ಗಬಲ್ಲ ನಡುವಣ ಕಂಠವೊಂದಿದೆ; ಇಟಲಿಯವರು ಅದನ್ನು 'ಸ್ಪಿಂಟೊ' ಎನ್ನುತ್ತಾರೆ. ವೆರ್ದಿಯ ದೊಡ್ಡ ನಾಯಿಕೆಯರು ಬೇಡುವುದು ಅದನ್ನೇ. ಪ್ರೈಸ್ ಅವರದು ಅಂಥ ಕಂಠ. ಕೆಳಗಿನ ಸ್ವರಗಳಲ್ಲಿ ಹೊಗೆಯಾಡಿದಂಥ ಮಬ್ಬು, ಮೇಲೇರಿದಂತೆ ತಾನೇ ತಾನಾಗಿ ಬೆಳಗುವ ಕಾಂತಿ. ನಾನು ಸಾಹಿತ್ಯದ ಮೇಷ್ಟರು, ಸಂಗೀತಶಾಸ್ತ್ರಜ್ಞನಲ್ಲ. ಧ್ವನಿಮುದ್ರಣಗಳನ್ನು ಕೇಳಿ ನನಗೆ ತೋಚಿದ ಮಾತು ಇದು.

ಇನ್ನು ಆಯಿದಾಳ ಕಥೆ. 1871ರಲ್ಲಿ ಕೈರೋ ನಗರದಲ್ಲಿ ಮೊದಲು ರಂಗವೇರಿದ ಈ ಕೃತಿಯ ನಾಯಿಕೆ ಇಥಿಯೋಪಿಯದ ರಾಜಪುತ್ರಿ. ಯುದ್ಧದಲ್ಲಿ ಸೆರೆಸಿಕ್ಕಿ, ತನ್ನ ಕುಲವನ್ನು ಮರೆಮಾಡಿಕೊಂಡು, ಈಜಿಪ್ಟಿನ ಅರಮನೆಯಲ್ಲಿ ದಾಸಿಯಾಗಿದ್ದಾಳೆ. ಅವಳು ಒಲಿದವನು ಅವಳ ನಾಡಿನ ಮೇಲೆ ದಂಡೆತ್ತಿ ಹೋಗುವ ಸೇನಾಪತಿ ರಾದಾಮೆಸ್. ಅವನನ್ನೇ ಬಯಸುವವಳು ಅವಳ ಒಡತಿ, ಫರೋಹನ ಮಗಳು. ಪ್ರಿಯನು ಗೆದ್ದರೆ ತಂದೆಗೆ ಸೋಲು, ತಂದೆ ಗೆದ್ದರೆ ಪ್ರಿಯನಿಗೆ ಸಾವು. ಈ ಇಕ್ಕಟ್ಟೇ ಆಪೆರಾದ ಜೀವಾಳ. ಬಹುಕಾಲ ಈ ಪಾತ್ರವನ್ನು ಹಾಡುತ್ತಿದ್ದವರು ಮೈಗೆ ಕಂದುಬಣ್ಣ ಬಳಿದುಕೊಂಡ ಬಿಳಿಯ ಗಾಯಕಿಯರು.

ಲಿಯೊಂಟೀನ್ ಪ್ರೈಸ್ ಹುಟ್ಟಿದ್ದು 1927ರ ಫೆಬ್ರವರಿ 10ರಂದು, ಮಿಸಿಸಿಪಿ ರಾಜ್ಯದ ಲಾರೆಲ್ ಎಂಬ ಊರಿನಲ್ಲಿ. ಮರದ ವ್ಯಾಪಾರದಿಂದ ಬೆಳೆದ ಊರು. ತಂದೆ ಜೇಮ್ಸ್ ಮರ ಕೊಯ್ಯುವ ಕಾರ್ಖಾನೆಯಲ್ಲಿ ಕೂಲಿ, ತಾಯಿ ಕೇಟ್ ಸೂಲಗಿತ್ತಿ. ತಾಯಿ ಚರ್ಚಿನ ಮೇಳದಲ್ಲಿ ಹಾಡುತ್ತಿದ್ದರು. ಅಮೆರಿಕದ ದಕ್ಷಿಣದಲ್ಲಿ ಆಗ ಕಪ್ಪು ಜನರಿಗೆ ಶಾಲೆ ಬೇರೆ, ಬಂಡಿಯಲ್ಲಿ ಆಸನ ಬೇರೆ, ಕುಡಿಯುವ ನೀರಿನ ನಲ್ಲಿಯೂ ಬೇರೆ. ಮಗುವಿಗೆ ಐದು ವರ್ಷವಾದಾಗ ತಂದೆತಾಯಿ ಮನೆಯ ಗ್ರಾಮಫೋನನ್ನು ಮುಂಗಡವಾಗಿ ಕೊಟ್ಟು ಪಿಯಾನೊ ಒಂದನ್ನು ತಂದರು. ಕೇಳುವ ಪೆಟ್ಟಿಗೆಯನ್ನು ಕೊಟ್ಟು ನುಡಿಸುವ ಪೆಟ್ಟಿಗೆಯನ್ನು ಕೊಂಡ ಈ ವ್ಯವಹಾರ ನನ್ನ ಮನಸ್ಸಿನಲ್ಲಿ ಮತ್ತೆ ಮತ್ತೆ ಸುಳಿಯುತ್ತದೆ. ಕೂಲಿಯ ಮನೆಯಲ್ಲಿ ಒಂದನ್ನು ಬಿಡದೆ ಇನ್ನೊಂದು ಬರುವುದಿಲ್ಲ; ಆ ದಂಪತಿಗಳು ಬಿಟ್ಟದ್ದು ತಮ್ಮ ಸಂಜೆಗಳ ಸುಖವನ್ನು.

ಶಾಲೆಯ ದಿನಗಳಲ್ಲಿ ಆ ಹುಡುಗಿ ಜಾಕ್ಸನ್ ನಗರದಲ್ಲಿ ಮೇರಿಯನ್ ಆಂಡರ್ಸನ್ ಅವರ ಕಚೇರಿಯನ್ನು ಕೇಳಿದಳು. ಯೂರೋಪೆಲ್ಲ ಮೆಚ್ಚಿದ ಆ ಕಪ್ಪು ಗಾಯಕಿ ರಂಗದ ಮೇಲೆ ನಿಂತ ಘನತೆಯೇ ತನಗೆ ದಾರಿ ತೋರಿತೆಂದು ಪ್ರೈಸ್ ಮುಂದೆ ನೆನೆಯುತ್ತಿದ್ದರು. ಆದರೂ ಓಹಾಯೊ ರಾಜ್ಯದ ಕಾಲೇಜಿಗೆ ಸೇರಿದ್ದು ಸಂಗೀತದ ಉಪಾಧ್ಯಾಯಿನಿಯಾಗಲೆಂದು. ಅಲ್ಲಿ ಕಂಠದ ಬೆಲೆ ತಿಳಿದವರು ನ್ಯೂಯಾರ್ಕಿನ ಜೂಲಿಯಾರ್ಡ್ ಸಂಗೀತಶಾಲೆಯ ಕಡೆಗೆ ಕೈತೋರಿದರು. ಹಣ? ಮಹಾಗಾಯಕ ಪಾಲ್ ರೋಬ್ಸನ್ ಸಹಾಯಾರ್ಥ ಕಚೇರಿಯೊಂದನ್ನು ನಡೆಸಿಕೊಟ್ಟರು. ಲಾರೆಲ್‌ನ ಚಿಸಮ್ ಎಂಬ ಸಿರಿವಂತ ಬಿಳಿಯ ಮನೆತನದ ಎಲಿಜಬೆತ್ ಚಿಸಮ್ ಉಳಿದ ಭಾರವನ್ನು ಹೊತ್ತರು. ಅದೇ ಮನೆಯಲ್ಲಿ ಲಿಯೊಂಟೀನಳ ಸಂಬಂಧಿಯೊಬ್ಬಾಕೆ ಮನೆಗೆಲಸದವಳು. ವರ್ಣಭೇದದ ಊರಿನಲ್ಲಿ ಔದಾರ್ಯವೂ ಅದೇ ಭೇದದ ಬಾಗಿಲಿನ ಮೂಲಕವೇ ಬರುತ್ತಿತ್ತು. ಅದಕ್ಕಾಗಿ ಆ ಔದಾರ್ಯವನ್ನು ಸಣ್ಣದೆನ್ನಲು ನಾನು ಸಿದ್ಧನಿಲ್ಲ; ಪ್ರೈಸ್ ಕೂಡ ಹಾಗೆನ್ನಲಿಲ್ಲ.

ಜೂಲಿಯಾರ್ಡ್‌ನಲ್ಲಿ ಫ್ಲಾರೆನ್ಸ್ ಪೇಜ್ ಕಿಂಬಲ್ ಎಂಬ ಗುರು ದೊರೆತರು. 1952ರಲ್ಲಿ ಗರ್ಶ್ವಿನ್‌ನ 'ಪೋರ್ಗಿ ಮತ್ತು ಬೆಸ್' ಆಪೆರಾದಲ್ಲಿ ಬೆಸ್ ಆಗಿ ಅಮೆರಿಕವನ್ನೂ, ವಿಯೆನ್ನಾ, ಬರ್ಲಿನ್, ಲಂಡನ್, ಪ್ಯಾರಿಸ್‌ಗಳನ್ನೂ ಸುತ್ತಿದರು. ಪೋರ್ಗಿಯಾಗಿದ್ದ ವಿಲಿಯಂ ವಾರ್‌ಫೀಲ್ಡ್ ಅವರನ್ನು ಆ ವರ್ಷವೇ ಮದುವೆಯಾದರು. ಇಬ್ಬರಿಗೂ ಬಿಡುವಿಲ್ಲದ ಆ ದಾಂಪತ್ಯ ಉಳಿಯಲಿಲ್ಲ.

ಈಗ 1955ರ ಜನವರಿಗೆ ಬರೋಣ. ಆ ಒಂದು ತಿಂಗಳಲ್ಲಿ ಮೂರು ಸಂಗತಿಗಳು ನಡೆದವು. 7ರಂದು ಮೇರಿಯನ್ ಆಂಡರ್ಸನ್ ಮೆಟ್ರೊಪಾಲಿಟನ್ ರಂಗದ ಮೇಲೆ ಹಾಡಿದರು. 1883ರಲ್ಲಿ ತೆರೆದ ಆ ಸಂಸ್ಥೆಯಲ್ಲಿ ಮುಖ್ಯಪಾತ್ರವೊಂದನ್ನು ಹಾಡಿದ ಮೊದಲ ಕಪ್ಪು ಕಲಾವಿದೆ ಅವರು. ಆಗ ಅವರಿಗೆ ಐವತ್ತೇಳು ವರ್ಷ, ಕಂಠದ ಮಧ್ಯಾಹ್ನ ಕಳೆದಿತ್ತು. 27ರಂದು ರಾಬರ್ಟ್ ಮ್ಯಾಕ್‌ಫೆರಿನ್ ಅದೇ ರಂಗವೇರಿದರು. ಅವೆರಡರ ನಡುವೆ, ಎನ್.ಬಿ.ಸಿ. ದೂರದರ್ಶನ ಪುಚ್ಚೀನಿಯ 'ತೋಸ್ಕಾ' ಆಪೆರಾವನ್ನು ಪ್ರೈಸ್ ಅವರ ಮುಖ್ಯಪಾತ್ರದಲ್ಲಿ ಪ್ರಸಾರಮಾಡಿತು. ಕಪ್ಪು ನಾಯಿಕೆಗೆ ಬಿಳಿಯ ನಾಯಕ. ದಕ್ಷಿಣದ ಹಲವು ಕೇಂದ್ರಗಳು ಅದನ್ನು ತೋರಿಸಲು ನಿರಾಕರಿಸಿದವು.

ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಬಾಗಿಲು ತೆರೆಯಿತು, ಸರಿ. ಯಾವ ಪಾತ್ರಕ್ಕೆ? ಆಂಡರ್ಸನ್ ಹಾಡಿದ್ದು ವೆರ್ದಿಯದೇ ಇನ್ನೊಂದು ಆಪೆರಾದ ಕಣಿ ಹೇಳುವ ಕಪ್ಪು ಹೆಂಗಸು ಉಲ್ರಿಕಾಳ ಪಾತ್ರವನ್ನು. ಅವಳಿರುವುದು ಒಂದು ದೃಶ್ಯದಲ್ಲಿ ಮಾತ್ರ. ಮ್ಯಾಕ್‌ಫೆರಿನ್ ಹಾಡಿದ್ದು ಅಮೊನಾಸ್ರೊ, ಅಂದರೆ ಆಯಿದಾಳ ತಂದೆಯಾದ ಇಥಿಯೋಪಿಯದ ದೊರೆಯನ್ನು. 1958ರಲ್ಲಿ ಗ್ಲೋರಿಯಾ ಡೇವಿ ಬಂದದ್ದು ಆಯಿದಾ ಆಗಿ. 1956ರಲ್ಲಿ 'ರಿಗೊಲೆಟ್ಟೊ' ಕೃತಿಯ ಎಳೆಯ ನಾಯಿಕೆ ಜಿಲ್ಡಾ ಆಗಿ ಹಾಡಿದ ಮ್ಯಾಟಿವಿಲ್ಡಾ ಡಾಬ್ಸ್ ಇದಕ್ಕೆ ಅಪವಾದ, ಗೌರವದ ಅಪವಾದ. ಉಳಿದಂತೆ ಬಾಗಿಲಿನ ಅಳತೆ ಕಾಣುವಂತಿತ್ತು: ಕಥೆಯಲ್ಲೇ ಕಪ್ಪಾಗಿದ್ದವರು ಒಳಗೆ ಬರಬಹುದು.

ಈ ನಡುವೆ ಪ್ರೈಸ್ ಆಯಿದಾ ಹಾಡಿರಲಿಲ್ಲವೇ? ಹಾಡಿದ್ದರು, ಅದೂ ಅಕಸ್ಮಾತ್ತಾಗಿ. 1957ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೊದಲ್ಲಿ ಇಟಲಿಯ ಗಾಯಕಿ ಆಂಟೋನಿಯೆಟ್ಟಾ ಸ್ಟೆಲ್ಲಾ ಅಪೆಂಡಿಸೈಟಿಸ್‌ನಿಂದ ಮಲಗಿದಾಗ ಆ ಪಾತ್ರ ಇವರ ಪಾಲಿಗೆ ಬಂತು. ಮರುವರ್ಷ ಹರ್ಬರ್ಟ್ ಫಾನ್ ಕರಾಯನ್ ವಿಯೆನ್ನಾಕ್ಕೆ ಕರೆಸಿಕೊಂಡರು, ಅಲ್ಲಿಯೂ ಆಯಿದಾ. ಆಮೇಲೆ ಲಂಡನ್, ವೆರೋನಾದ ಬಯಲುರಂಗ, 1960ರಲ್ಲಿ ಮಿಲಾನ್‌ನ ಲಾ ಸ್ಕಾಲಾ. ವೆರ್ದಿಯ ತವರೆನ್ನಬಹುದಾದ ಆ ರಂಗದಲ್ಲಿಯೂ ಆಯಿದಾ. ಈ ಪಾತ್ರದಲ್ಲಿ ತನ್ನ ಚರ್ಮವೇ ತನಗೆ ಉಡುಗೆ ಎಂಬರ್ಥದ ಮಾತನ್ನು ಆಕೆ ಹೇಳಿದ್ದುಂಟು. ಹೀಗೆ ಯೂರೋಪಿನಲ್ಲೆಲ್ಲ ಅಭಿಮಾನದಿಂದ ಹಾಡಿದ್ದನ್ನು ನ್ಯೂಯಾರ್ಕಿನಲ್ಲಿ ಮಾತ್ರ ಬೇಡವೆಂದದ್ದೇಕೆ?

'ತೋಸ್ಕಾ'ದಲ್ಲಿ ಆಕೆಗೆ ಅವಕಾಶ ಕೊಟ್ಟಿದ್ದ ಎನ್.ಬಿ.ಸಿ. ಆಪೆರಾದ ಪೀಟರ್ ಹರ್ಮನ್ ಆಡ್ಲರ್ ನೀಡಿದ ಸಲಹೆ ಅದು. ಈ ಗಾಯಕಿ ಮೆಟ್ರೊಪಾಲಿಟನ್ ಹೊಸ್ತಿಲನ್ನು ಮೊದಲ ಸಲ ದಾಟುವಾಗ ಕುಲೀನ ಸ್ತ್ರೀಯಾಗಿ ದಾಟಬೇಕೇ ಹೊರತು ದಾಸಿಯಾಗಿ ಅಲ್ಲ ಎಂಬುದು ಅವರ ಮಾತಿನ ತಾತ್ಪರ್ಯ. ವಿಯೆನ್ನಾದವರಿಗೆ ಆಯಿದಾ ಹಳೆಯ ಈಜಿಪ್ಟಿನ ಕಥೆ. ಮಿಸಿಸಿಪಿಯಿಂದ ಬಂದ ಕಪ್ಪು ಹೆಣ್ಣು ಅಮೆರಿಕದ ಅಗ್ರರಂಗದಲ್ಲಿ ಮೊದಲಿಗೇ ದಾಸಿಯಾಗಿ ನಿಂತರೆ, ನೋಡುವವರಲ್ಲಿ ಹಲವರಿಗೆ ಅದು ಅಭಿನಯವೆನಿಸದೆ ಸಹಜವೆನಿಸಿಬಿಡುತ್ತಿತ್ತು. ಪಾತ್ರ ಅದೇ, ಅದನ್ನು ಓದುವ ಕಣ್ಣು ಬೇರೆ. ಇದು ವೃತ್ತಿಯ ಜಾಣ ಲೆಕ್ಕಾಚಾರವೂ ಆಗಿತ್ತೆಂದರೆ ನಾನು ಅಲ್ಲಗಳೆಯುವುದಿಲ್ಲ. ಆದರೆ ಕಾಯುವುದರಲ್ಲಿ ಅಪಾಯವೂ ಇತ್ತು; ಕರೆ ಮತ್ತೆ ಬಾರದೆಯೂ ಹೋಗಬಹುದಿತ್ತು.

ಬಂತು. 1961ರ ಜನವರಿ 27ರಂದು, ವೆರ್ದಿಯ 'ಇಲ್ ತ್ರೊವತೋರೆ'ಯಲ್ಲಿ, ಸ್ಪೇನಿನ ಅರಮನೆಯ ಕುಲೀನ ಕನ್ಯೆ ಲಿಯೊನೋರಾ ಆಗಿ. ಇಟಲಿಯ ಪ್ರಖ್ಯಾತ ಗಾಯಕ ಫ್ರಾಂಕೊ ಕೊರೆಲ್ಲಿಗೂ ಅಂದೇ ಅಲ್ಲಿ ಮೊದಲ ರಾತ್ರಿ. ಕೊನೆಗೆ ಚಪ್ಪಾಳೆ 42 ನಿಮಿಷ ನಡೆಯಿತೆಂದು ಹೇಳುತ್ತಾರೆ. ನಿಮಿಷಗಳನ್ನು ಎಣಿಸುತ್ತ ಕುಳಿತವರು ಯಾರೋ, ನಾನರಿಯೆ. ಆಮೇಲೆ ಅದೇ ಋತುವಿನಲ್ಲಿ ಆಯಿದಾ ಹಾಡಿದರು. ಈಗ ಅದು ಇಕ್ಕಟ್ಟಾದ ಬಾಗಿಲಾಗಿ ಉಳಿದಿರಲಿಲ್ಲ, ಆಕೆ ತಾನಾಗಿ ಹೊಕ್ಕ ಕೋಣೆಯಾಗಿತ್ತು. ಮಾರ್ಚ್ ತಿಂಗಳಲ್ಲಿ 'ಟೈಮ್' ಪತ್ರಿಕೆಯ ಮುಖಪುಟದಲ್ಲಿ ಆಕೆಯ ಚಿತ್ರ ಬಂತು.

ಕೀರ್ತಿಯ ಬೆನ್ನಿಗೇ ಪೆಟ್ಟೂ ಬಂತು. ಆ ಅಕ್ಟೋಬರಿನಲ್ಲಿ ಮೆಟ್ರೊಪಾಲಿಟನ್ ಋತುವಿನ ಉದ್ಘಾಟನೆಗೆ ಪುಚ್ಚೀನಿಯ 'ಪಶ್ಚಿಮದ ಹುಡುಗಿ'ಯ ನಾಯಿಕೆಯಾಗಿ ಪ್ರೈಸ್ ನಿಂತರು; ಕಪ್ಪು ಗಾಯಕಿಯೊಬ್ಬಾಕೆಗೆ ಆ ಮನ್ನಣೆ ಅದೇ ಮೊದಲು. ಎರಡನೆಯ ಪ್ರದರ್ಶನದ ನಡುವೆ ಕಂಠ ಕೈಕೊಟ್ಟಿತು. ಪಾತ್ರದ ಸಾಲುಗಳನ್ನು ಹಾಡಲಾರದೆ ಆಡಿಯೇ ಆ ಅಂಕವನ್ನು ಮುಗಿಸಿದರು. ಮುಂದಿನ ಅಂಕವನ್ನು ಡೊರೊಥಿ ಕರ್ಸ್ಟನ್ ಬಂದು ಹಾಡಿದರು. ಆಪೆರಾದಲ್ಲಿ ಮಾತಿಗೆ ಇಳಿಯುವುದೆಂದರೆ ಎಲ್ಲರೆದುರು ಸೋಲನ್ನು ಒಪ್ಪಿಕೊಂಡಂತೆ. ಆಮೇಲೆ ಕೆಲಕಾಲ ವಿಶ್ರಾಂತಿ ಪಡೆದರು. ಬಂದ ಪಾತ್ರವನ್ನೆಲ್ಲ ಒಪ್ಪಿಕೊಂಡು ಕಂಠವನ್ನು ದುಡಿಸಬಾರದೆಂಬ ಎಚ್ಚರ ಆಕೆಯಲ್ಲಿ ಮುಂದೆ ಎದ್ದುಕಾಣುತ್ತದೆ. 'ಇಲ್ಲ'ವೆನ್ನುವ ಅಭ್ಯಾಸ ಹಳೆಯದೇ ಆಗಿತ್ತಲ್ಲ.

1966ರ ಸೆಪ್ಟೆಂಬರ್ 16ರಂದು ಲಿಂಕನ್ ಸೆಂಟರ್‌ನಲ್ಲಿ ಹೊಸ ರಂಗಮಂದಿರ ತೆರೆದಾಗ ಮೊದಲ ನಾಯಿಕೆಯೂ ಪ್ರೈಸ್. ಷೇಕ್ಸ್‌ಪಿಯರನ ನಾಟಕವನ್ನು ಆಧರಿಸಿದ 'ಆಂಟನಿ ಮತ್ತು ಕ್ಲಿಯೋಪಾತ್ರ'. ಅಮೆರಿಕದ ಸ್ಯಾಮ್ಯುಯೆಲ್ ಬಾರ್ಬರ್ ಆಕೆಯ ಕಂಠವನ್ನೇ ಕಿವಿಯಲ್ಲಿಟ್ಟುಕೊಂಡು ಬರೆದ ಸಂಗೀತ. ದಾಸಿಯಾಗಲೊಲ್ಲದವಳು ಈಗ ಈಜಿಪ್ಟಿನ ರಾಣಿ. ಆದರೆ ನಿರ್ದೇಶಕ ಝೆಫಿರೆಲ್ಲಿಯ ಆಡಂಬರದ ರಂಗಸಜ್ಜಿಕೆಯಲ್ಲಿ ಯಂತ್ರಗಳು ಮುನಿದವು, ತಿರುಗುವ ರಂಗ ಕೆಟ್ಟಿತು, ರಾಣಿ ಪಿರಮಿಡ್ಡಿನೊಳಗೆ ಸಿಕ್ಕಿಕೊಂಡರು! ವಿಮರ್ಶಕರು ಕೃತಿಯನ್ನು ಹಣಿದರು, ಬಾರ್ಬರ್ ನೊಂದುಕೊಂಡರು. ಪ್ರೈಸ್ ಮಾತ್ರ ಅದರ ಎರಡು ದೃಶ್ಯಗಳ ಸಂಗೀತವನ್ನು ಮುಂದೆಯೂ ಕಚೇರಿಗಳಲ್ಲಿ ಹಾಡಿ ಉಳಿಸಿಕೊಂಡರು.

ಎಪ್ಪತ್ತರ ದಶಕದಲ್ಲಿ ಆಪೆರಾ ಕಡಿಮೆಯಾಗಿ ಕಚೇರಿಗಳು ಹೆಚ್ಚಿದವು. ರಂಗಕ್ಕೆ ವಿದಾಯ ಹೇಳುವ ಕಾಲ ಬಂದಾಗ ಆಕೆ ಆರಿಸಿಕೊಂಡದ್ದು ಆಯಿದಾಳನ್ನು. 1985ರ ಜನವರಿ 3, ಮೆಟ್ರೊಪಾಲಿಟನ್ ರಂಗ, ದೇಶಕ್ಕೆಲ್ಲ ದೂರದರ್ಶನದ ನೇರ ಪ್ರಸಾರ, ವಯಸ್ಸು ಐವತ್ತೇಳು. ಕಾಕತಾಳೀಯವೆನ್ನಿ, ಮೇರಿಯನ್ ಆಂಡರ್ಸನ್ ಆ ಮನೆಯೊಳಗೆ ಕಾಲಿಟ್ಟಾಗಿನ ವಯಸ್ಸೂ ಅದೇ. ಮೂರನೆಯ ಅಂಕದಲ್ಲಿ ನೈಲ್ ನದಿಯ ದಡದಲ್ಲಿ ಆಯಿದಾ, ಇನ್ನೆಂದೂ ಕಾಣಲಾರದ ತನ್ನ ನಾಡನ್ನು ನೆನೆದು ಒಬ್ಬಳೇ ಹಾಡುತ್ತಾಳೆ. ಕೊನೆಗೆ ತಾರಸ್ಥಾಯಿಯ ತುದಿಗೇರಿ ಇಳಿಯಬೇಕಾದ ಕಠಿನವಾದ ಹಾಡು. ಅದು ಮುಗಿದಾಗ ಎದ್ದ ಚಪ್ಪಾಳೆ ಮೂರು ನಿಮಿಷ ನಿಲ್ಲಲಿಲ್ಲ. ಆ ದೃಶ್ಯದ ಮುದ್ರಣ ಉಳಿದಿದೆ. ಆಕೆ ನಮಸ್ಕರಿಸುವುದಿಲ್ಲ, ಪಾತ್ರವನ್ನು ಬಿಟ್ಟು ಹೊರಬರುವುದಿಲ್ಲ. ಮುಖದಲ್ಲಿ ಮಾತ್ರ ತಡೆದ ಅಳುವಿನ ಅಲೆಯೊಂದು ಬಂದುಹೋಗುತ್ತದೆ. ಸದ್ದು ಅಡಗಿದ ಮೇಲೆ ಕಥೆ ಮುಂದುವರಿಯಬೇಕು. ಆಯಿದಾಳ ತಂದೆ ಅಮೊನಾಸ್ರೊ ರಂಗಕ್ಕೆ ಬರುತ್ತಾನೆ. ಮೂವತ್ತು ವರ್ಷಗಳ ಹಿಂದೆ ಅದೇ ಜನವರಿಯಲ್ಲಿ ರಾಬರ್ಟ್ ಮ್ಯಾಕ್‌ಫೆರಿನ್ ಆ ಸಂಸ್ಥೆಯ ಬಾಗಿಲನ್ನು ದಾಟಿದ ಪಾತ್ರ ಅದು. ಅಂದು ರಾತ್ರಿ ಅದನ್ನು ಹಾಡಿದವರು ಇನ್ನೊಬ್ಬ ಕಪ್ಪು ಗಾಯಕ, ಸೈಮನ್ ಎಸ್ಟೆಸ್.