ಧುಮುಕುವವನ ಬೆನ್ನು ನೋಡುವವನು

ವಿಮಾನದಿಂದ ಪ್ಯಾರಾಷೂಟ್ ಕಟ್ಟಿಕೊಂಡು ಧುಮುಕುವ ಸೈನಿಕನ ಚಿತ್ರವನ್ನು ನೀವು ನೋಡಿಯೇ ಇರುತ್ತೀರಿ. ಆತನ ಧೈರ್ಯವನ್ನು ಮೆಚ್ಚಿಯೂ ಇರುತ್ತೀರಿ. ಆದರೆ ತನ್ನ ಬೆನ್ನ ಮೇಲಿನ ಗಂಟನ್ನು ಆತ ತಾನೇ ಕಾಣಲಾರ. ಅದನ್ನು ಅವನಿಗಾಗಿ ನೋಡುವವನೇ ಜಂಪ್‌ಮಾಸ್ಟರ್, ಎಂದರೆ ಧುಮುಕುವಿಕೆಯ ಮೇಲ್ವಿಚಾರಕ.

ಅಮೆರಿಕದ ಸೈನ್ಯ ಈ ವಿದ್ಯೆಯನ್ನು ಕಲಿಸುವ ಹೆಸರಾದ ಶಾಲೆ ಜಾರ್ಜಿಯ ಸಂಸ್ಥಾನದ ಫೋರ್ಟ್ ಬೆನ್ನಿಂಗ್‌ನಲ್ಲಿದೆ. ಆ ಸೈನ್ಯದ ಮೊದಲ ಪ್ಯಾರಾಷೂಟ್ ತುಕಡಿ 1940ರ ಆಗಸ್ಟಿನಲ್ಲಿ ಧುಮುಕಿದ್ದೂ ಅಲ್ಲಿಯೇ. ಸೇರುವವನು ಹಲವು ಬಾರಿ ಧುಮುಕಿ ಪಳಗಿದವನಾಗಿರಬೇಕು. ಶಿಕ್ಷಣ ಮೂರೇ ವಾರ; ಆದರೂ ತೇರ್ಗಡೆಯಾಗದೆ ಮರಳುವವರು ಕಡಮೆಯೇನಿಲ್ಲ.

ಅವರನ್ನು ಎಡವಿಸುವುದು ತಪಾಸಣೆಯ ಪರೀಕ್ಷೆ. ಮೂವರು ಸೈನಿಕರು ಸಜ್ಜಾಗಿ ನಿಂತಿರುತ್ತಾರೆ. ಒಬ್ಬನ ಮೈಮೇಲೆ ಯುದ್ಧದ ಹೊರೆಯೂ ಇರುತ್ತದೆ. ಅವರ ಪಟ್ಟಿ, ಕೊಕ್ಕೆಗಳಲ್ಲಿ ಬೇಕೆಂದೇ ದೋಷಗಳನ್ನು ಅಡಗಿಸಿರುತ್ತಾರೆ. ಐದು ನಿಮಿಷದೊಳಗೆ ಮೂವರನ್ನೂ ಶಿರಸ್ತ್ರಾಣದಿಂದ ಆರಂಭಿಸಿ, ಗೊತ್ತಾದ ಕ್ರಮದಲ್ಲಿ, ಕೈಯಿಂದ ಮುಟ್ಟಿ ನೋಡಿ, ಕಂಡ ದೋಷವನ್ನು ಅದರ ಸರಿಯಾದ ಹೆಸರಿನಿಂದಲೇ ಹೇಳಬೇಕು. ದೊಡ್ಡ ದೋಷ ಒಂದೇ ಒಂದು ತಪ್ಪಿಹೋದರೂ ಅನುತ್ತೀರ್ಣ. ನಿಷ್ಠುರವೆನಿಸಿತೆ? ವಿಮಾನದೊಳಗಿನ ತಂತಿಗೆ ಸಿಕ್ಕಿಸಿದ ಉದ್ದನೆಯ ಪಟ್ಟಿಯೊಂದು, ಸೈನಿಕ ಧುಮುಕಿದೊಡನೆ ಬಿಗಿದು ಪ್ಯಾರಾಷೂಟನ್ನು ಹೊರಗೆಳೆಯುತ್ತದೆ. ಆ ಪಟ್ಟಿ ತಪ್ಪಿ ತೋಳಿನಡಿ ಹಾದುಹೋಗಿದ್ದರೆ ಆ ಸೆಳೆತಕ್ಕೆ ತೋಳಿನ ಗತಿಯೇನು, ನೀವೇ ಊಹಿಸಿಕೊಳ್ಳಿ.

ಆಮೇಲೆ ಆಕಾಶದ ಪರೀಕ್ಷೆ. ಎಂಜಿನ್ನಿನ ಗದ್ದಲದಲ್ಲಿ ಕೂಗು ಸಾಲದು. ಆಜ್ಞೆಗಳಿಗೆ ಕೈಸನ್ನೆಯೂ ಬೇಕು. ತೆರೆದ ಬಾಗಿಲಿನಿಂದ ಹೊರಕ್ಕೆ ಬಾಗಿ ಇಳಿಯುವ ಬಯಲನ್ನು ಗುರುತಿಸಬೇಕು. ಹಸಿರು ದೀಪ ಹೊತ್ತಿದಾಗ ‘ಹೋಗು’ ಎನ್ನುವವನು ಅವನೇ. ಎಷ್ಟೋ ಸಲ ಎಲ್ಲರೂ ಹೋದ ಮೇಲೆ ತಾನೂ ಧುಮುಕುತ್ತಾನೆ. ಅವನ ಬೆನ್ನನ್ನು ಮತ್ತೊಬ್ಬ ಜಂಪ್‌ಮಾಸ್ಟರ್ ಮುಂಚೆಯೇ ನೋಡಿರುತ್ತಾನೆ.