ಇಳಿದ ದೋಣಿ ಮರಳಿ ಹತ್ತದ ನದಿ

ಫ್ರಾನ್ಸಿನ ನೈರುತ್ಯ ಸೀಮೆಯ ದೋರ್ದೋನ್ ನದಿಯಲ್ಲಿ ಹತ್ತೊಂಬತ್ತನೆಯ ಶತಮಾನದವರೆಗೂ ಒಂದು ಬಗೆಯ ದೋಣಿ ಕೆಳಮುಖವಾಗಿ ಮಾತ್ರ ಸಾಗುತ್ತಿತ್ತು. ಬೆಟ್ಟದ ಕಾಡಿನಂಚಿನಲ್ಲಿ ಅದನ್ನು ಕಟ್ಟುತ್ತಿದ್ದರು, ಮರದ ಸರಕು ಹೇರಿ ನೀರಿಗೆ ಬಿಡುತ್ತಿದ್ದರು. ನೂರಾರು ಕಿಲೋಮೀಟರ್ ದೂರದ ಬಯಲಿನ ಬಂದರು ಮುಟ್ಟಿ ಸರಕು ಮಾರಿದ ಮೇಲೆ ದೋಣಿಯನ್ನೂ ಹಲಗೆ ಹಲಗೆಯಾಗಿ ಬಿಚ್ಚಿ ಸೌದೆಗೆ ಮಾರುತ್ತಿದ್ದರು. ಅಂಬಿಗರು ನಡೆದುಕೊಂಡು ಊರಿಗೆ ವಾಪಸಾಗುತ್ತಿದ್ದರು. ಈ ದೋಣಿಗೆ ಗಬಾರ್ ಎಂದು ಹೆಸರು. ದೋರ್ದೋನ್ ಕಣಿವೆಯ ಬಗ್ಗೆ ಬರೆಯುವವರು ಸಾಮಾನ್ಯವಾಗಿ ಕೋಟೆಗಳಿಂದಲೋ ಗುಹೆಗಳಿಂದಲೋ ಶುರುಮಾಡುತ್ತಾರೆ. ಆ ನಾಡನ್ನು ಅರಿಯಲು ಈ ಒರಟು ದೋಣಿಯೇ ಒಳ್ಳೆಯ ದಾರಿ ಎಂದು ನನ್ನ ನಂಬಿಕೆ. ಮೇಲಿನ ಕಾಡನ್ನೂ ಕೆಳಗಿನ ದ್ರಾಕ್ಷಿ ತೋಟವನ್ನೂ ಒಂದೇ ಬದುಕಿಗೆ ಕಟ್ಟಿಹಾಕಿದ್ದು ಅದೇ.

ನದಿ ಹುಟ್ಟುವುದು ಪ್ವಿ ದ ಸಾಂಸಿ ಎಂಬ ಆರಿದ ಜ್ವಾಲಾಮುಖಿಯ ಇಳಿಜಾರಿನಲ್ಲಿ. 1,885 ಮೀಟರ್ ಎತ್ತರದ ಈ ಶಿಖರ ಮಧ್ಯ ಫ್ರಾನ್ಸಿನ ಮಾಸಿಫ್ ಸಾಂಟ್ರಾಲ್ ಎಂಬ ವಿಶಾಲ ಮಲೆಸೀಮೆಗೆಲ್ಲ ಎತ್ತರದ್ದು. ದೋರ್ ಮತ್ತು ದೋನ್ಯ್ ಎಂಬ ಎರಡು ತೊರೆಗಳು ಅಲ್ಲಿ ಕೂಡಿ ಹೊಳೆಯಾಗುತ್ತವೆ. ಅಲ್ಲಿಂದ ಸುಮಾರು 483 ಕಿಲೋಮೀಟರ್ ಹರಿದು, ಬೋರ್ಡೋ ನಗರದ ಉತ್ತರಕ್ಕೆ ಬೆಕ್ ದಾಂಬೆಸ್ ಎಂಬಲ್ಲಿ ಗರೋನ್ ನದಿಯನ್ನು ಸೇರುತ್ತದೆ. ಎರಡೂ ಕೂಡಿದ ಮೇಲಿನ ಅಗಲವಾದ ಅಳಿವೆಗೆ ಜಿರೋಂದ್ ಎಂದು ಹೆಸರು, ಅದರಾಚೆ ಅಟ್ಲಾಂಟಿಕ್. ಇಷ್ಟುದ್ದದ ದಾರಿಯಲ್ಲಿ ಅರ್ಧ ಸಾಗುವ ಮೊದಲೇ ನದಿ ತನ್ನ ಎತ್ತರದ ಬಹುಪಾಲನ್ನು ಇಳಿದುಬಿಡುತ್ತದೆ. ಮೇಲ್ಭಾಗದಲ್ಲಿ ಗಟ್ಟಿಶಿಲೆಯನ್ನು ಕೊರೆದ ಇಕ್ಕಟ್ಟಿನ ಕಮರಿ, ಎರಡು ಕಡೆಯೂ ಓಕ್, ಬೀಚ್, ಚೆಸ್ಟ್‌ನಟ್ ಕಾಡು. ಅರ್ಝಾಂತಾ ಊರು ದಾಟಿದ ಮೇಲೆ ಕಣಿವೆ ಬಿಚ್ಚಿಕೊಳ್ಳುತ್ತದೆ. ಮುಂದೆ ಸುಣ್ಣಕಲ್ಲಿನ ಪ್ರಸ್ಥಭೂಮಿ, ಹಳದಿ ಬಂಡೆಗೋಡೆಗಳು, ಅವುಗಳ ಬುಡದಲ್ಲಿ ಕುದುರೆ ಲಾಳದಂತೆ ಬಾಗುವ ಹೊಳೆ. ಅದಾದ ಮೇಲೆ ಬೆರ್ಜೆರಾಕ್‌ನಿಂದ ಸಮುದ್ರದವರೆಗೆ ದ್ರಾಕ್ಷಿಯ ನಾಡು.

ಬೆಟ್ಟದಲ್ಲಿ ಮರವಿದೆ, ಹಣವಿಲ್ಲ. ಬಯಲಿನಲ್ಲಿ ವೈನಿದೆ, ಅದನ್ನು ತುಂಬಿಡಲು ಪೀಪಾಯಿ ಬೇಕು, ಬಳ್ಳಿ ಹಬ್ಬಿಸಲು ಗೂಟ ಬೇಕು. ಗಬಾರ್ ದೋಣಿಯ ಅರ್ಥಶಾಸ್ತ್ರ ಇಷ್ಟೇ. ಚಳಿಗಾಲವಿಡೀ ಕಮರಿಯ ಕಾಡುಗಳಲ್ಲಿ ಮರ ಕಡಿಯುವ ಕೆಲಸ. ಓಕ್ ದಿಮ್ಮಿಗಳನ್ನು ಪೀಪಾಯಿಯ ಹಲಗೆಗಾಗಿ ಗರಗಸದಿಂದ ಕೊಯ್ಯುವಂತಿಲ್ಲ, ನಾರಿನ ಗುಂಟ ಸೀಳಬೇಕು. ಯುರೋಪಿನ ಓಕ್ ಮರವನ್ನು ನಾರಿಗೆ ಅಡ್ಡವಾಗಿ ಕೊಯ್ದರೆ ಅದರೊಳಗಿನ ಸೂಕ್ಷ್ಮ ನಾಳಗಳು ತೆರೆದುಕೊಂಡು ಪೀಪಾಯಿ ಸೋರುತ್ತದೆ. ಹೀಗೆ ಸೀಳಿದ ಹಲಗೆಗೆ ಮೆರ್ರಾಂ ಎನ್ನುತ್ತಾರೆ. ಇಂದಿಗೂ ಫ್ರೆಂಚ್ ಪೀಪಾಯಿಯ ಹಲಗೆಯನ್ನು ಸೀಳಿಯೇ ತೆಗೆಯುತ್ತಾರೆ. ಬಳ್ಳಿಯ ಗೂಟಕ್ಕೆ ಚೆಸ್ಟ್‌ನಟ್ ಮರ: ಅದರಲ್ಲಿ ಟ್ಯಾನಿನ್ ಹೆಚ್ಚು, ಮಣ್ಣಿನಲ್ಲಿ ಹೂತರೂ ಬೇಗ ಕೊಳೆಯುವುದಿಲ್ಲ.

ದೋಣಿ ಕಟ್ಟುವ ಜಾಗವೂ ಅದೇ ನದಿದಂಡೆ. ಸ್ಪೊಂತೂರ್, ನೋಝೆನಾಕ್, ಅರ್ಝಾಂತಾ ಮುಂತಾದ ಊರುಗಳಲ್ಲಿ ಇದೇ ಕಸುಬಿನ ಮನೆತನಗಳಿದ್ದವು. ಮದುವೆಗೆ ಚಪ್ಪರ ಹಾಕಿದಂತೆ, ಒಂದು ಸಲದ ಕೆಲಸಕ್ಕೆ ಕಟ್ಟಿ ಮುಗಿದ ಮೇಲೆ ಬಿಚ್ಚುವ ರಚನೆ ಅದು. ಹಾಗೆಂದು ಕಸುಬು ಹಗುರದ್ದಲ್ಲ. ತಳ ಚಪ್ಪಟೆಯಾಗಿರಬೇಕು, ಯಾಕೆಂದರೆ ಮೊಣಕಾಲುದ್ದದ ನೀರಿನಲ್ಲಿ ಕಲ್ಲುಗಳ ಮೇಲೆ ತೇಲಬೇಕು. ಟನ್ನುಗಟ್ಟಲೆ ಮರ ಹೊತ್ತು ಸುಳಿಗಳಲ್ಲಿ ತಿರುಗಬೇಕು. ಚುಕ್ಕಾಣಿಗೆ ಹಿಂಬದಿಯಲ್ಲಿ ಒಂದು ಉದ್ದನೆಯ ಹುಟ್ಟು, ಅದರ ಮುಂದೆ ನಾಲ್ಕೈದು ಜನರ ನರ ಮತ್ತು ನೆನಪು. ಯಾವ ಬಂಡೆ ಎಲ್ಲಿದೆ, ಯಾವ ತಿರುವಿನಲ್ಲಿ ನೀರು ಯಾವ ಕಡೆ ಎಳೆಯುತ್ತದೆ ಎಂಬುದು ತಂದೆಯಿಂದ ಮಗನಿಗೆ ಬಂದ ವಿದ್ಯೆ.

ಎಲ್ಲಕ್ಕಿಂತ ಮೊದಲು ನೀರು ಒಪ್ಪಬೇಕಿತ್ತು. ಬೇಸಿಗೆಯಲ್ಲಿ ಹೊಳೆ ತೆಳ್ಳಗಾಗಿ ಕಲ್ಲುಗಳು ಏಳುತ್ತವೆ, ನೆರೆಯಲ್ಲಿ ಇಳಿದರೆ ಪ್ರಾಣವೇ ಹೋಗುತ್ತದೆ. ಇವೆರಡರ ನಡುವಿನ ಹದವಾದ ಮಟ್ಟಕ್ಕೆ ಅಂಬಿಗರು ‘ವ್ಯಾಪಾರದ ನೀರು’ ಎನ್ನುತ್ತಿದ್ದರು. ವಸಂತದಲ್ಲೂ ಶರತ್ಕಾಲದಲ್ಲೂ ಕೂಡಿಸಿ ವರ್ಷಕ್ಕೆ ಕೆಲವೇ ವಾರ ಸಿಗುತ್ತಿದ್ದ ನೀರು ಅದು. ಆ ದಿನಗಳಲ್ಲಿ ಅರ್ಝಾಂತಾದ ಕಲ್ಲಿನ ಕಟ್ಟೆಯಲ್ಲಿ ದೋಣಿಗಳು ಸಾಲುಗಟ್ಟಿ ಕಾಯುತ್ತಿದ್ದವು. ಆ ಕಟ್ಟೆ ಈಗಲೂ ಇದೆ. ಅದರ ಹಿಂದಿನ ಮನೆಗಳ ಮರದ ಮೊಗಸಾಲೆಗಳೂ ಕಲ್ಲುಚಪ್ಪಡಿಯ ಮಾಡುಗಳೂ ಹಾಗೆಯೇ ಉಳಿದಿವೆ.

ದಾರಿಯ ದೊಡ್ಡ ಗಂಡಾಂತರ ಲಾಲಿಂದ್ ಊರಿನ ಬಳಿಯ ಗ್ರಾತ್ಯೂಸ್ ಎಂಬ ಹೊಯಿಲು. ಅಲ್ಲಿ ದೋಣಿ ನಡೆಸಲು ಸ್ಥಳೀಯ ಮಾರ್ಗದರ್ಶಿಗಳೇ ಬೇಕಿತ್ತು. ಆ ಹೊಯಿಲಿನಲ್ಲಿ ಕುಲೋಬ್ರ್ ಎಂಬ ಘಟಸರ್ಪವಿತ್ತು, ಸಂತ ಫ್ರೋಂ ಅದನ್ನು ಅಡಗಿಸಿದ ಎಂಬ ಐತಿಹ್ಯವಿದೆ. ನೀರಿನ ಮೇಲಿನ ಬಂಡೆಯ ನೆತ್ತಿಯಲ್ಲಿ ಆ ಸಂತನ ಹೆಸರಿನ ಪುಟ್ಟ ಚಾಪೆಲ್ ಇದೆ, ಅಂಬಿಗರು ಅದಕ್ಕೆ ಕೈಮುಗಿದು ಮುಂದೆ ಹೋಗುತ್ತಿದ್ದರು. ಜನ ಭಯಕ್ಕೆ ಸುಮ್ಮನೆ ಕಥೆ ಕಟ್ಟುವುದಿಲ್ಲ. ಆ ಘಟಸರ್ಪದಲ್ಲಿ ಎಷ್ಟೋ ಮುಳುಗಿದ ದೋಣಿಗಳ ನೆನಪು ಸೇರಿರಬೇಕು. 1840ರ ದಶಕದಲ್ಲಿ ಹೊಯಿಲನ್ನು ಬಳಸಿ ಹೋಗಲು ಸುಮಾರು 15 ಕಿಲೋಮೀಟರಿನ ಕಾಲುವೆ ಸಿದ್ಧವಾಯಿತು. ಅದಾಗಿ ಕೆಲವು ದಶಕಗಳಲ್ಲೇ ದೋಣಿಯ ಕಾಲ ಮುಗಿಯಿತು.

ಕೆಳಗಿನ ನದಿಯ ದೋಣಿಗಳು ಬೇರೆ ತರಹದವು, ಹೆಚ್ಚು ಗಟ್ಟಿಯಾದವು. ಅವು ಬಂದರುಗಳಿಂದ ಉಪ್ಪು, ಒಣಮೀನು, ಸಕ್ಕರೆ ಹೇರಿಕೊಂಡು ಮೇಲಕ್ಕೂ ಬರುತ್ತಿದ್ದವು. ದಂಡೆಯ ಮೇಲೆ ನಡೆಯುವ ಎತ್ತುಗಳೋ ಮನುಷ್ಯರೋ ಹಗ್ಗ ಹಿಡಿದು ಎಳೆಯಬೇಕಿತ್ತು. ಸುಯಾಕ್ ತಲುಪಿದ ಉಪ್ಪು ಅಲ್ಲಿಂದ ಪ್ರಾಣಿಗಳ ಬೆನ್ನೇರಿ ಬೆಟ್ಟದ ಊರುಗಳಿಗೆ ಹೋಗುತ್ತಿತ್ತು. ಹಾಗೆ ನೋಡಿದರೆ ಗುಡ್ಡಗಾಡಿನ ಅಡುಗೆಮನೆಗೆ ಸಮುದ್ರ ಬಂದದ್ದೂ ಈ ನದಿಯಿಂದಲೇ.

ಸರಕು ಇಳಿಯುತ್ತಿದ್ದ ಲಿಬೂರ್ನ್ ಬಂದರನ್ನು ಕಟ್ಟಿಸಿದ್ದು 1270ರ ಸುಮಾರಿಗೆ ರೋಜರ್ ದಿ ಲೇಬರ್ನ್ ಎಂಬ ಇಂಗ್ಲಿಷ್ ಅಧಿಕಾರಿ, ಊರಿಗೆ ಹೆಸರು ಬಂದದ್ದೂ ಅವನಿಂದಲೇ. ಫ್ರಾನ್ಸಿನಲ್ಲಿ ಇಂಗ್ಲಿಷ್ ಅಧಿಕಾರಿ ಯಾಕೆ ಎಂದರೆ, 1152ರಲ್ಲಿ ಈ ನಾಡಿನ ಒಡತಿ ಅಕ್ವಿಟೇನಿನ ಎಲಿನೋರ್ ಹೆನ್ರಿ ಪ್ಲಾಂಟಜೆನೆಟ್‌ನನ್ನು ಮದುವೆಯಾದಳು, ಎರಡು ವರ್ಷದಲ್ಲಿ ಅವನು ಇಂಗ್ಲೆಂಡಿನ ದೊರೆಯಾದ. ಮುಂದಿನ ಮುನ್ನೂರು ವರ್ಷ ಈ ನಾಡಿನ ವೈನ್ ಇಂಗ್ಲೆಂಡಿಗೆ ಹೋಯಿತು, ಈ ಹೊಳೆ ಎರಡು ರಾಜ್ಯಗಳ ಕಿತ್ತಾಟದ ಗಡಿಯಾಯಿತು. ಬೇನಾಕ್ ಮತ್ತು ಕಸ್ತೆಲ್ನೋ ಕೋಟೆಗಳು ಕಣಿವೆಯ ಎರಡು ಕಡೆಯ ಬಂಡೆಗಳ ಮೇಲೆ ಒಂದನ್ನೊಂದು ದಿಟ್ಟಿಸುತ್ತ ನಿಂತಿವೆ. ನೂರು ವರ್ಷಗಳ ಯುದ್ಧದಲ್ಲಿ ಮೊದಲನೆಯದು ಫ್ರೆಂಚರ ಕಡೆ ಇತ್ತು, ಎರಡನೆಯದು ಬಹುಕಾಲ ಇಂಗ್ಲಿಷರ ಕೈಯಲ್ಲಿತ್ತು. ಆ ಯುದ್ಧ ಮುಗಿದದ್ದು ಇದೇ ನದಿಯ ದಂಡೆಯಲ್ಲಿ. 1453ರ ಜುಲೈ 17ರಂದು ಕಸ್ತಿಯೋಂ ಬಳಿ ಫ್ರೆಂಚ್ ಫಿರಂಗಿಗಳು ಇಂಗ್ಲಿಷ್ ಸೇನಾಪತಿ ಜಾನ್ ಟಾಲ್ಬಟ್‌ನ ಪಡೆಯನ್ನು ನೆಲಕಚ್ಚಿಸಿದವು, ಟಾಲ್ಬಟ್ ಅಲ್ಲೇ ಸತ್ತ. ಆ ಊರಿಗೆ ಸ್ವಲ್ಪ ದೂರದಲ್ಲಿಯೇ ಪ್ರಬಂಧ ಪ್ರಕಾರದ ಮೂಲಪುರುಷ ಮೊಂತೇನ್ 1533ರಲ್ಲಿ ಹುಟ್ಟಿದ. ಅವನು ಕೂತು ಬರೆದ ಗೋಪುರ ಇವತ್ತಿಗೂ ಇದೆ, ಅದರ ತೊಲೆಗಳ ಮೇಲೆ ಅವನು ಬರೆಸಿದ ಗ್ರೀಕ್, ಲ್ಯಾಟಿನ್ ನುಡಿಗಳಿವೆ.

ಇನ್ನೂ ಹಳೆಯ ಕಾಲಕ್ಕೆ ಹೋಗುವವರು ಲಿಮೋಯ್ ಊರಿನಲ್ಲಿ ದೋರ್ದೋನನ್ನು ಸೇರುವ ವೆಝೇರ್ ಉಪನದಿಯ ಗುಂಟ ಮೇಲಕ್ಕೆ ಸಾಗಬೇಕು. 1868ರಲ್ಲಿ ಕ್ರೋ-ಮಾನ್ಯೋಂ ಮಾನವರ ಅಸ್ಥಿಗಳು ಸಿಕ್ಕಿದ್ದು ಆ ಕಣಿವೆಯಲ್ಲಿ. 1940ರ ಸೆಪ್ಟೆಂಬರ್‌ನಲ್ಲಿ ನಾಲ್ವರು ಹುಡುಗರು ಲಾಸ್ಕೋ ಗುಹೆಯ ಚಿತ್ರಗಳನ್ನು ಕಂಡದ್ದೂ ಅಲ್ಲೇ. ನೋಡಲು ಬಂದವರ ಉಸಿರಿನಿಂದ ಚಿತ್ರಗಳು ಕೆಡತೊಡಗಿದಾಗ 1963ರಲ್ಲಿ ಗುಹೆಯನ್ನು ಸಾರ್ವಜನಿಕರಿಗೆ ಮುಚ್ಚಿದರು. ಈಗ ಪ್ರವಾಸಿಗರು ನೋಡುವುದು ಅದರ ಪ್ರತಿಕೃತಿಯನ್ನು.

ದೋಣಿಯ ಕಥೆಗೆ ಮರಳುತ್ತೇನೆ. ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಎರಡು ಪೆಟ್ಟುಗಳು ಒಟ್ಟಿಗೆ ಬಿದ್ದವು. ಕಣಿವೆಗೆ ರೈಲು ಬಂತು, ಅದಕ್ಕೆ ನೀರಿನ ಮಟ್ಟದ ಹಂಗಿಲ್ಲ. ಅದೇ ಹೊತ್ತಿಗೆ ಫಿಲಾಕ್ಸೆರಾ ಎಂಬ ಬೇರುಹೇನು ದ್ರಾಕ್ಷಿ ತೋಟಗಳನ್ನು ತಿಂದುಹಾಕಿತು. ವೈನಿಲ್ಲದ ಮೇಲೆ ಪೀಪಾಯಿ ಯಾಕೆ, ಬಳ್ಳಿಯಿಲ್ಲದ ಮೇಲೆ ಗೂಟ ಯಾಕೆ? ಕಾಡಿನ ಬದುಕು ಕೆಳಗಿನ ಬಯಲಿಗೆ ಎಷ್ಟು ಬಿಗಿಯಾಗಿ ಕಟ್ಟಿಕೊಂಡಿತ್ತು ಎಂಬುದು ಅದು ಕಡಿದುಹೋದಾಗ ತಿಳಿಯಿತು.

ಮುಂದಿನ ಪೆಟ್ಟು ಕಾಂಕ್ರೀಟಿನದು. ಕಮರಿಯ ಕಡಿದಾದ ಇಳಿಜಾರು ವಿದ್ಯುತ್ತಿಗೆ ಹೇಳಿಮಾಡಿಸಿದ್ದು. 1935ರಲ್ಲಿ ಮಾರೇಜ್ ಎಂಬಲ್ಲಿ ಎಂಜಿನಿಯರ್ ಆಂದ್ರೆ ಕ್ವಾನ್ ವಿನ್ಯಾಸಗೊಳಿಸಿದ ಕಮಾನು ಅಣೆಕಟ್ಟು ಎದ್ದಿತು. ಅದನ್ನು ಕಟ್ಟಿಸಿದ್ದು ಒಂದು ರೈಲು ಕಂಪನಿ, ತನ್ನ ಮಾರ್ಗಗಳ ವಿದ್ಯುದೀಕರಣಕ್ಕಾಗಿ. ದೋಣಿಯ ವ್ಯಾಪಾರ ಕಿತ್ತುಕೊಂಡ ರೈಲೇ ದೋಣಿಯ ದಾರಿಯನ್ನೂ ಮುಚ್ಚಿತು. ಅದರ ಕೆಳಗಿನ ಲೇಗ್ಲ್ ಅಣೆಕಟ್ಟಿನ ಕೆಲಸ ನಡೆದದ್ದು ಎರಡನೆಯ ಮಹಾಯುದ್ಧದ ವರ್ಷಗಳಲ್ಲಿ. ಫ್ರಾಂಕೋನಿಂದ ಓಡಿಬಂದ ಸ್ಪೇನಿನ ಗಣರಾಜ್ಯವಾದಿಗಳು ಅಲ್ಲಿ ದುಡಿದರು. ಜರ್ಮನ್ನರಿಗೆ ವಿದ್ಯುತ್ ದಕ್ಕಬಾರದೆಂದು ಕೆಲಸವನ್ನು ಬೇಕೆಂದೇ ನಿಧಾನಗೊಳಿಸಿದರು. ಹಾಗಾಗಿ ಅದಕ್ಕೆ ಪ್ರತಿರೋಧದ ಅಣೆಕಟ್ಟು ಎಂಬ ಹೆಸರೇ ನಿಂತಿತು. ಆಮೇಲೆ ಶಾಸ್ತಾಂ, ಬೋರ್, ಅರ್ಝಾಂತಾ ಅಣೆಕಟ್ಟುಗಳು ಬಂದವು. ಬೋರ್‌ನದು 120 ಮೀಟರ್ ಎತ್ತರ. ಕಣಿವೆಯ ಮೇಲಿನ ಬಂಡೆಯ ತಲೆಯಲ್ಲಿದ್ದ ಹದಿನೈದನೆಯ ಶತಮಾನದ ವಾಲ್ ಕೋಟೆಯ ಬುಡಕ್ಕೇ ಅದರ ನೀರು ಬಂದು ನಿಂತಿದೆ. ಇವತ್ತು ಆ ಕೋಟೆಯ ಫೋಟೋ ತೆಗೆಯುವವರಿಗೆ ಅದು ಕೆರೆಯ ಕೋಟೆಯೆಂದೇ ಕಾಣುತ್ತದೆ. ದೋಣಿ ಕಟ್ಟುತ್ತಿದ್ದ ನೋಝೆನಾಕ್ ಲೇಗ್ಲ್ ಜಲಾಶಯದ ಅಡಿಗೆ ಹೋಯಿತು. ವಿದ್ಯುತ್ತು ಬೇಕಿತ್ತು, ಅದನ್ನು ಅಲ್ಲಗಳೆಯಲಾರೆ. ಆದರೂ ಒಂದು ಕಸುಬಿನ ತವರೇ ನೀರಿನಡಿ ಸೇರಿದ್ದು ನನಗೆ ನೋವಿನ ಸಂಗತಿ.

ಕಸುಬು ಹೋದರೂ ನೆನಪು ಹೋಗಲಿಲ್ಲ. ಕ್ರಿಸ್ತಿಯಾಂ ಸಿನ್ಯೋಲ್ 1990ರಲ್ಲಿ ಈ ಅಂಬಿಗರ ಬದುಕನ್ನು ಕಾದಂಬರಿಯಾಗಿಸಿದರು. ಅದು 1995ರಲ್ಲಿ ದೂರದರ್ಶನ ಧಾರಾವಾಹಿಯಾಗಿ ಫ್ರಾನ್ಸಿನ ಮನೆಮನೆಗೆ ತಲುಪಿತು. ಬಂಡೆಗೋಡೆಗೆ ಅಂಟಿಕೊಂಡ ಲಾ ರೋಕ್-ಗಜಾಕ್ ಊರಿನಲ್ಲಿ, ಬೆರ್ಜೆರಾಕ್‌ನಲ್ಲಿ, ಸ್ಪೊಂತೂರಿನಲ್ಲಿ ಹಳೆಯ ಮಾದರಿಯ ಗಬಾರ್‌ಗಳು ಈಗ ಪ್ರವಾಸಿಗರನ್ನು ಹೊತ್ತು ಸಾಗುತ್ತವೆ.

2012ರಲ್ಲಿ ಯುನೆಸ್ಕೊ ದೋರ್ದೋನ್‌ನ ಇಡೀ ಜಲಾನಯನ ಪ್ರದೇಶವನ್ನು, ಸುಮಾರು 24,000 ಚದರ ಕಿಲೋಮೀಟರ್, ಜೀವಗೋಲ ಮೀಸಲು ಎಂದು ಘೋಷಿಸಿತು. ಒಂದು ಕಾಡನ್ನೋ ಒಂದು ಸರೋವರವನ್ನೋ ಬೇಲಿ ಹಾಕಿ ಕಾಯುವ ಬದಲು ಹುಟ್ಟಿನಿಂದ ಅಳಿವೆಯವರೆಗಿನ ನದಿಯನ್ನು ಒಂದೇ ಜೀವವೆಂದು ಕಂಡ ಈ ನಿರ್ಧಾರ ನನಗೆ ಬಹಳ ಸರಿಯೆನಿಸುತ್ತದೆ. ಇದರ ಹಿಂದೆ ಮೀನುಗಳ ಒತ್ತಾಯವಿದೆ. ಸಾಲ್ಮನ್, ಶ್ಯಾಡ್, ಲ್ಯಾಂಪ್ರೆ, ಹಾವುಮೀನು ಸೇರಿ ಪಶ್ಚಿಮ ಯುರೋಪಿನ ಎಂಟು ದೊಡ್ಡ ವಲಸೆ ಮೀನುಗಳಿಗೆ ಈ ನದಿ ಬೇಕು. ಅವುಗಳ ದಾರಿಗೆ ಅಡ್ಡ ನಿಂತದ್ದು ಮೇಲಿನ ದೊಡ್ಡ ಅಣೆಕಟ್ಟುಗಳಷ್ಟೇ ಅಲ್ಲ. ಬೆರ್ಜೆರಾಕ್‌ನ ಮೇಲ್ಗಡೆ 1908ರಷ್ಟು ಹಿಂದೆಯೇ ತ್ವಿಲಿಯೇರ್ ಅಣೆಕಟ್ಟು ಬಂದಿತ್ತು. ಅಲ್ಲಿ 1989ರಲ್ಲಿ ಮೀನುಗಳಿಗೊಂದು ಲಿಫ್ಟ್ ಕಟ್ಟಿದರು: ಹರಿವಿನ ಜಾಡು ಹಿಡಿದು ಬಂದ ಮೀನುಗಳನ್ನು ತೊಟ್ಟಿಯೊಂದು ಎತ್ತಿ ಮೇಲಿನ ನೀರಿಗೆ ಬಿಡುತ್ತದೆ.

ಎಲ್ಲಕ್ಕಿಂತ ಕಠಿಣ ಪ್ರಕರಣ ಯುರೋಪಿನ ಸ್ಟರ್ಜನ್ ಮೀನಿನದು. ಒಂದು ಕಾಲಕ್ಕೆ ಪಶ್ಚಿಮ ಯುರೋಪಿನ ನದಿಗಳಲ್ಲೆಲ್ಲ ಇದ್ದ ಈ ಮೀನಿಗೆ ಕೊನೆಗೆ ಉಳಿದ ಮೊಟ್ಟೆಯಿಡುವ ತಾಣಗಳು ಗರೋನ್ ಮತ್ತು ದೋರ್ದೋನ್‌ನ ಕೆಳಭಾಗಗಳಲ್ಲಿ ಮಾತ್ರ. ಕ್ಯಾವಿಯರಿಗಾಗಿ ಹೆಣ್ಣು ಮೀನುಗಳನ್ನು ಹಿಡಿದು ಹಿಡಿದು ಸಂತತಿ ಬತ್ತಿತು. 1982ರಲ್ಲಿ ಫ್ರಾನ್ಸ್ ಅದರ ಬೇಟೆಯನ್ನು ನಿಷೇಧಿಸಿತು, ನದಿಯಲ್ಲಿ ಸಹಜವಾಗಿ ಮರಿಯಾದದ್ದು ಕೊನೆಯ ಬಾರಿ ದಾಖಲಾದದ್ದು 1994ರಲ್ಲಿ. ದೋರ್ದೋನ್‌ನ ಉಪನದಿ ಇಲ್ ದಂಡೆಯ ಸಾಂ-ಸೊರಾಂ ಸಂಶೋಧನಾ ಕೇಂದ್ರದಲ್ಲಿ ತೊಟ್ಟಿಗಳಲ್ಲಿ ಸಾಕಿದ ಮೀನುಗಳಿಂದ ಮರಿ ಮಾಡಿಸಿ, 2007ರಿಂದ ನದಿಗೆ ಬಿಡತೊಡಗಿದರು. ಹೆಣ್ಣು ಸ್ಟರ್ಜನ್ ಬಲಿತು ಮೊಟ್ಟೆಗೆ ಬರಲು ಹದಿನೈದು ವರ್ಷದ ಆಸುಪಾಸು ಬೇಕು. ಅಷ್ಟು ದಿನ ಅದು ಅಳಿವೆಯಲ್ಲಿ, ಸಮುದ್ರದಲ್ಲಿ ಬೆಳೆದು, ಬಲೆಗಳನ್ನೆಲ್ಲ ತಪ್ಪಿಸಿಕೊಂಡು, ಲಿಬೂರ್ನ್ ದಾಟಿ ಪ್ರವಾಹಕ್ಕೆ ಎದುರಾಗಿ ಈಜಿ ಬರಬೇಕು. ಮೊದಲು ಬಿಟ್ಟ ಮರಿಗಳಿಗೆ ಈಗ ಆ ವಯಸ್ಸು ತುಂಬಿದೆ. ಈ ನದಿಯ ಬೆಸ್ತರಿಗೂ ವಿಜ್ಞಾನಿಗಳಿಗೂ ಒಂದು ಕರಾರಿದೆ: ಬಲೆಗೆ ಸ್ಟರ್ಜನ್ ಬಿದ್ದರೆ ಹಿಂದಕ್ಕೆ ನೀರಿಗೆ ಬಿಡಬೇಕು, ಬಿದ್ದದ್ದನ್ನು ತಿಳಿಸಬೇಕು.