ಸಾವಿರ ಕಾಲಿನ ಹುಳು ಕಚ್ಚಿದರೆ ವಿಷವೇ? ಮನೆಯಲ್ಲಿ ಸಾಕಬಹುದೇ?

ಕೊಪ್ಪಳ ಜಿಲ್ಲೆಯ ಮಂಗಳೂರು, ಕುಷ್ಟಗಿ, ಯಲಬುರ್ಗಾ ಕಡೆ ಮಳೆ ಬಿದ್ದರೆ ಸಾವಿರ ಕಾಲಿನ ಹುಳು ಹೊರಬರುತ್ತದೆ. ಮಕ್ಕಳು ಹಿಡಿದು ಡಬ್ಬಿಗೆ ಹಾಕುತ್ತಾರೆ. ‘ಕಚ್ಚಿದರೆ ವಿಷ’ ಎಂಬ ಮಾತನ್ನೂ ನಾವು ಕೇಳುತ್ತೇವೆ.

ನಿಜವೇನು?
ಕಚ್ಚಿ ವಿಷ ಬಿಡುವುದು ಜರಿ. ಅದರ ದೇಹದ ಒಂದೊಂದು ಖಂಡಕ್ಕೆ ಒಂದು ಜೊತೆ ಕಾಲು. ಸಾವಿರ ಕಾಲಿನ ಹುಳುವಿಗೆ ಬಹುತೇಕ ಖಂಡಗಳಲ್ಲಿ ಎರಡು ಜೊತೆ. ಮುಟ್ಟಿದರೆ ಇದು ಕಚ್ಚುವುದಿಲ್ಲ, ಚಕ್ಕುಲಿಯಂತೆ ಸುತ್ತಿಕೊಳ್ಳುತ್ತದೆ. ಆದರೆ ಮೈಯಿಂದ ಒಸರುವ ರಸ ಚರ್ಮಕ್ಕೆ ಕಂದು ಕಲೆ, ಉರಿ ತರಬಹುದು. ಕಣ್ಣಿಗೆ ತಗುಲಿದರೆ ಅಪಾಯ: ಕೂಡಲೇ ನೀರಿನಿಂದ ಚೆನ್ನಾಗಿ ತೊಳೆದು ವೈದ್ಯರಿಗೆ ತೋರಿಸಿ.

ಸಾಕುವುದು ಹೇಗೆ?
ಬರಿ ಡಬ್ಬಿಯಲ್ಲಿ ಇದು ಬದುಕುವುದಿಲ್ಲ. ಹುಳುವಿನ ಉದ್ದದಷ್ಟಾದರೂ ಆಳಕ್ಕೆ ತೇವದ ಮಣ್ಣು ತುಂಬಿ, ಕೊಳೆತ ಎಲೆ, ಕಟ್ಟಿಗೆ ಬೆರೆಸಿ. ಅದೇ ಅದರ ಮನೆ, ಅದೇ ಊಟ. ಔಷಧಿ ಹೊಡೆದ ಹೊಲದ ಮಣ್ಣು ಬೇಡ. ಮುಚ್ಚಳಕ್ಕೆ ಸಣ್ಣ ತೂತು ಮಾಡಿ ನೆರಳಿನಲ್ಲಿಡಿ. ಆಗಾಗ ಸೌತೆಕಾಯಿ ಚೂರು, ಕ್ಯಾಲ್ಸಿಯಂಗಾಗಿ ಮೊಟ್ಟೆ ಚಿಪ್ಪಿನ ಪುಡಿ ಹಾಕಿ. ವಾರಗಟ್ಟಲೆ ಮಣ್ಣೊಳಗೇ ಇದ್ದರೆ ಸತ್ತಿದೆ ಎಂದು ಅಗೆಯಬೇಡಿ; ಪೊರೆ ಕಳಚುತ್ತಿರಬಹುದು. ಆಗ ಕೆದಕಿದರೇ ಅದು ಸಾಯುವುದು.

ನೆನಪಿಡಿ
ಮುಟ್ಟಿದ ಕೈಯನ್ನು ಸೋಪಿನಿಂದ ತೊಳೆಯುವ ಮೊದಲು ಕಣ್ಣು ಉಜ್ಜಬೇಡಿ. ಮಕ್ಕಳಿಗೆ ಹೆದರಿಕೆಯ ಬದಲು ಇಷ್ಟನ್ನು ಹೇಳಿಕೊಟ್ಟರೆ ಸಾಕು.